ಅಪ್ಪ ಕಣ್ಣಾರೆ ಕಂಡ ಸಾಕ್ಷಿ: ಸ್ಟೇಷನ್‌ನಿಂದ ದಿನಾ ಫೋನ್, ಈಗ ವಾರಂಟ್ ಬೇರೆ. ಏನು ಮಾಡಬೇಕು?

ಪಂಕ್ಚರ್_ಅಂಗಡಿ_ಮಗ

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಇದೆ, ದಯವಿಟ್ಟು ಪೂರ್ತಿ ಓದಿ.

ನಮ್ಮದು ಮಧ್ಯ ಕರ್ನಾಟಕದ ಒಂದು ತಾಲ್ಲೂಕು. ಊರಿನ ಹೆಸರು ಬರೆಯುವುದಿಲ್ಲ, ಯಾಕೆ ಅಂತ ಓದಿದರೆ ಗೊತ್ತಾಗುತ್ತದೆ. ಅಪ್ಪನಿಗೆ 64 ವರ್ಷ. ಹೈವೇ ಪಕ್ಕ ಪಂಕ್ಚರ್ ಅಂಗಡಿ ಇಟ್ಟು ಮೂವತ್ತು ವರ್ಷ ಆಯಿತು. 2024ರ ದೀಪಾವಳಿ ಮುಗಿದ ಮುಂದಿನ ವಾರ ರಾತ್ರಿ ಒಂಬತ್ತೂವರೆಗೆ ಅಂಗಡಿ ಎದುರಿಗೇ ಗಲಾಟೆ ಆಯಿತು. ಲಾರಿ ಹಿಂದಕ್ಕೆ ತೆಗೆಯುವಾಗ ಒಂದು ಕಾರಿಗೆ ತಾಗಿತಂತೆ. ಕಾರಿನಿಂದ ಮೂವರು ಇಳಿದು ಬಂದು ಲಾರಿಯ ಕ್ಲೀನರ್ ಹುಡುಗನನ್ನು ಎಳೆದು ಹಾಕಿ ಜಾಕ್ ರಾಡಿನಿಂದ ಹೊಡೆದರು. ಆ ರಾಡು ನಮ್ಮ ಅಂಗಡಿಯದೇ. ಹುಡುಗನಿಗೆ ಹತ್ತೊಂಬತ್ತು ಇರಬಹುದು. ಎಡಗೈ ಎರಡು ಕಡೆ ಮುರಿದಿತ್ತು, ತಲೆಯಿಂದ ರಕ್ತ. ಆಂಬ್ಯುಲೆನ್ಸ್ ಬರುವ ತನಕ ಅಪ್ಪ ಅವನ ತಲೆಯನ್ನು ತೊಡೆ ಮೇಲೆ ಇಟ್ಟುಕೊಂಡು, ಹೆಗಲ ಮೇಲಿನ ಟವಲ್ ಮಡಚಿ ಗಾಯಕ್ಕೆ ಒತ್ತಿ ಹಿಡಿದು ಕೂತಿದ್ದರು.

ಆ ರಾತ್ರಿಯೇ ಪೊಲೀಸರು ಬಂದರು. ಅಪ್ಪ ಕಂಡದ್ದನ್ನು ಕಂಡ ಹಾಗೆ ಹೇಳಿದರು. ರಾಡು ತೆಗೆದುಕೊಂಡು ಹೋದರು, ಮಹಜರಿಗೆ ಸಹಿ ಹಾಕಿಸಿಕೊಂಡರು. ಅಲ್ಲಿಗೆ ಮುಗಿಯಿತು ಅಂದುಕೊಂಡಿದ್ದೆವು.

ಚಾರ್ಜ್‌ಶೀಟ್ ಹೋಗಿ ಆರು ತಿಂಗಳ ಮೇಲಾಗಿದೆ. ಆದರೂ ಸ್ಟೇಷನ್‌ನಿಂದ ಫೋನ್ ನಿಂತಿಲ್ಲ. ಬೆಳಿಗ್ಗೆ ಏಳಕ್ಕೇ ಶುರು. "ಸಾಹೇಬರು ಕರೀತಿದ್ದಾರೆ, ಬಾ" ಅಷ್ಟೇ. ಯಾಕೆ ಅಂತ ಕೇಳಿದರೆ ಬೈಗುಳ. ಅಪ್ಪ ಅಂಗಡಿ ಬಾಗಿಲು ಎಳೆದು ಹೋಗುತ್ತಾರೆ, ಸ್ಟೇಷನ್ ಹೊರಗಿನ ಸಿಮೆಂಟ್ ಬೆಂಚಿನ ಮೇಲೆ ಸಂಜೆ ನಾಲ್ಕರ ತನಕ ಕೂರಿಸಿ "ಇವತ್ತು ಸಾಹೇಬರು ಬರಲ್ಲ, ಹೋಗು" ಅನ್ನುತ್ತಾರೆ. ಅಪ್ಪನಿಗೆ ಸಕ್ಕರೆ ಕಾಯಿಲೆ ಇದೆ, ಹೊತ್ತಿಗೆ ಸರಿಯಾಗಿ ಊಟ ಬೇಕು. ಅಮ್ಮ ಹಾಲಿನ ಲೆಕ್ಕ ಬರೆಯುವ ಕ್ಯಾಲೆಂಡರಿನಲ್ಲಿ ಅಪ್ಪ ಹೋದ ದಿನವೆಲ್ಲ "ಸ್ಟೇ" ಅಂತ ಬರೆದಿದ್ದಾರೆ. ನಿನ್ನೆ ಎಣಿಸಿದೆ, ಹನ್ನೊಂದು ಸಲ.

ಮೊನ್ನೆ ಒಬ್ಬ ಪೀಸಿ (ಪೊಲೀಸ್ ಕಾನ್ಸ್‌ಟೇಬಲ್) ಅಂಗಡಿಗೆ ಬಂದು ಕೋರ್ಟಿನ ವಾರಂಟ್ ತೋರಿಸಿದರು. ಸಾಕ್ಷಿ ಹೇಳಲು ಬಂದಿಲ್ಲ ಅಂತ ಜಾಮೀನು ವಾರಂಟ್ ಅಂತೆ. ನಮಗೆ ಸಮನ್ಸ್ ಬಂದೇ ಇಲ್ಲ! ಐನೂರು ಕೊಟ್ಟರೆ "ಆಸಾಮಿ ಸಿಗಲಿಲ್ಲ" ಅಂತ ಬರೆದು ವಾಪಸ್ ಕಳಿಸುತ್ತೇನೆ ಅಂದರು. ಅಪ್ಪ ಕೊಡಲಿಲ್ಲ. ತಾರೀಖು ಬರೆದುಕೊಂಡಿದ್ದೇವೆ, ಇನ್ನು ಹನ್ನೆರಡು ದಿನ ಇದೆ.

ಕೇಸಿನ ಎರಡನೇ ಆರೋಪಿ ಊರಲ್ಲಿ ನಾಲ್ಕು ಜನ ಹಿಂದೆ ಇಟ್ಟುಕೊಂಡು ಓಡಾಡುವವನು. ಪೊಲೀಸರು ಕೇಸು ಗಟ್ಟಿ ಮಾಡಲು ಕರೆಯುತ್ತಿದ್ದಾರೋ, ಅಪ್ಪನಿಗೆ ಸಾಕು ಸಾಕು ಅನ್ನಿಸಿ ಹಿಂದೆ ಸರಿಯಲಿ ಅಂತ ಕರೆಯುತ್ತಿದ್ದಾರೋ ತಿಳಿಯುತ್ತಿಲ್ಲ. ನಮ್ಮ ಭಾವ "ಕೋರ್ಟಲ್ಲಿ ನಾನೇನೂ ನೋಡಿಲ್ಲ ಅಂದುಬಿಡಿ ಮಾವ, ಎಲ್ಲ ಮುಗಿಯುತ್ತೆ" ಅನ್ನುತ್ತಾರೆ. ಅಪ್ಪ ಎರಡು ರಾತ್ರಿಯಿಂದ ಸರಿಯಾಗಿ ನಿದ್ದೆ ಮಾಡಿಲ್ಲ.

ಸ್ಟೇಷನ್‌ಗೆ ಕರೆದಾಗಲೆಲ್ಲ ಹೋಗಲೇಬೇಕಾ? ಕೋರ್ಟಿಗೆ ಹೋಗದೆ ಇದ್ದರೆ ಏನಾಗುತ್ತದೆ? ಪೊಲೀಸರ ಮೇಲೆ ದೂರು ಕೊಟ್ಟರೆ ಆ ಹುಡುಗನ ಕೇಸು ಹಾಳಾಗುತ್ತದಾ? ಗೊತ್ತಿರುವವರು ಹೇಳಿ.

ತಾಲ್ಲೂಕು_ವಕೀಲೆ

ಮೊದಲು ಒಂದು ಮಾತು. ನಿಮ್ಮ ತಂದೆ ಆ ರಾತ್ರಿ ಮಾಡಿದ್ದು ದೊಡ್ಡ ಕೆಲಸ. ಅವರಿಗೆ ನನ್ನ ನಮಸ್ಕಾರ ಹೇಳಿ.

ನೀವು ಸ್ಟೇಷನ್ ಮತ್ತು ಕೋರ್ಟ್ ಎರಡನ್ನೂ ಒಂದೇ ಗಂಟು ಮಾಡಿಕೊಂಡು ಹೆದರುತ್ತಿದ್ದೀರಿ. ನನ್ನ ಹತ್ತಿರ ಬರುವ ಸಾಕ್ಷಿಗಳಲ್ಲಿ ಹೆಚ್ಚಿನವರದ್ದು ಇದೇ ಕಥೆ. ಪೊಲೀಸರ ಮೇಲಿನ ಸಿಟ್ಟಿಗೆ ಕೋರ್ಟ್ ತಪ್ಪಿಸುತ್ತಾರೆ, ಆಮೇಲೆ ಅದೇ ಪೊಲೀಸರ ಕೈಗೆ ವಾರಂಟ್ ಸಿಗುತ್ತದೆ. ದಯವಿಟ್ಟು ಎರಡನ್ನೂ ಬಿಡಿಸಿ ನೋಡಿ.

ಸ್ಟೇಷನ್ ವಿಷಯ. ನಿಮ್ಮದು 2024ರ ಜುಲೈ 1ರ ನಂತರದ ಕೇಸು, ಹಾಗಾಗಿ ತನಿಖೆ, ವಿಚಾರಣೆ ಹೇಗೆ ನಡೆಯಬೇಕು ಅಂತ ಹೇಳುವ ಹೊಸ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಅನ್ವಯ ಆಗುತ್ತದೆ. ತನಿಖೆ ಮಾಡುವ ಅಧಿಕಾರಿ ಸಾಕ್ಷಿಯನ್ನು ಕರೆಯುವುದು ಅದರ 179ನೇ ಕಲಮಿನ ಕೆಳಗೆ. ಕರೆಯಬೇಕಾದರೆ ಬರವಣಿಗೆಯಲ್ಲಿ ಆದೇಶ ಕೊಡಬೇಕು. ಬಾಯಲ್ಲಿ "ಬಾ" ಅಂದರೆ ಅದು ಆದೇಶ ಅಲ್ಲ. 60 ದಾಟಿದ ಗಂಡಸರು, ಹೆಂಗಸರು, 15 ತುಂಬದ ಹುಡುಗರು, ಅಂಗವಿಕಲರು, ತೀವ್ರ ಕಾಯಿಲೆ ಇರುವವರು, ಇವರನ್ನು ಅವರು ವಾಸ ಇರುವ ಜಾಗ ಬಿಟ್ಟು ಬೇರೆ ಕಡೆಗೆ ಬಾ ಅನ್ನುವ ಹಾಗೇ ಇಲ್ಲ. ಅವರಾಗಿ ಇಷ್ಟಪಟ್ಟು ಹೋದರೆ ಬೇರೆ ಮಾತು. ನಿಮ್ಮ ತಂದೆಗೆ 64. ಕೇಳುವುದಿದ್ದರೆ ಪೊಲೀಸರೇ ನಿಮ್ಮ ಮನೆಗೆ ಬಂದು ಕೇಳಬೇಕಿತ್ತು. ಇದು ಹೊಸ ಮಾತೂ ಅಲ್ಲ. ಒಡಿಶಾದ ಮಾಜಿ ಮುಖ್ಯಮಂತ್ರಿ ನಂದಿನಿ ಸತ್ಪತಿ ಅವರನ್ನು ಸ್ಟೇಷನ್‌ಗೆ ಕರೆಸಿದ್ದಕ್ಕೆ 1978ರಲ್ಲೇ ಸುಪ್ರೀಂ ಕೋರ್ಟ್ ಪೊಲೀಸರಿಗೆ ಕಟುವಾಗಿ ಹೇಳಿತ್ತು, ಹೆಂಗಸನ್ನು ಹೀಗೆ ಕರೆಸುವುದು ಕಾನೂನಿಗೆ ವಿರುದ್ಧ ಅಂತ. ಅವರಂಥ ದೊಡ್ಡವರಿಗೆ ಇರುವ ರಕ್ಷಣೆಯೇ ನಿಮ್ಮ ತಂದೆಗೂ ಇರುವುದು, ಒಂದಿಂಚೂ ಕಡಿಮೆ ಇಲ್ಲ.

ಅದಕ್ಕಿಂತ ಮುಖ್ಯವಾದದ್ದು, ಚಾರ್ಜ್‌ಶೀಟ್ ಹೋದ ಮೇಲೆ ತನಿಖೆ ಮುಗಿದ ಹಾಗೆ. ಮುಂದುವರಿದ ತನಿಖೆ ಅಂತ ಏನಾದರೂ ನಡೆಯುತ್ತಿದ್ದರೆ ಬಿಟ್ಟು, ಸಾಕ್ಷಿಯನ್ನು 179ರಲ್ಲಿ ಕರೆಯಲು ಅವರಿಗೆ ಕಾರಣವೇ ಇಲ್ಲ. ಸುಮ್ನೆ ಬೆಂಚಿನ ಮೇಲೆ ಕೂರಿಸುವುದಕ್ಕಂತೂ ಯಾವ ಕಲಮೂ ಇಲ್ಲ. ಕಾನೂನು ಬೇಡ ಅಂದ ಕಡೆಗೆ ಬೇಕೆಂದೇ ತನಿಖೆಗೆ ಅಂತ ಕರೆಸುವ ಅಧಿಕಾರಿಗೆ ಅಪರಾಧ, ಶಿಕ್ಷೆಗಳ ಕಾನೂನಾದ ಭಾರತೀಯ ನ್ಯಾಯ ಸಂಹಿತೆಯ 199ರಲ್ಲಿ 6 ತಿಂಗಳಿಂದ 2 ವರ್ಷದ ತನಕ ಕಠಿಣ ಸಜೆ ಇದೆ. ಇದನ್ನು ಫೋನಿನಲ್ಲಿ ಅವರಿಗೆ ಹೇಳಿ ಜಗಳ ಕಾಯಬೇಡಿ. ದೂರಿನಲ್ಲಿ ಬರೆಯಿರಿ.

ಮುಂದೆ ಫೋನ್ ಬಂದರೆ ನೀವೇ ಎತ್ತಿ, "ಸರ್, ಅಪ್ಪನಿಗೆ ಅರವತ್ತು ದಾಟಿದೆ, ನೋಟಿಸ್ ಕೊಡಿ, ಮನೆಗೆ ಬನ್ನಿ, ಎಲ್ಲ ಹೇಳುತ್ತಾರೆ" ಅಂತ ಮರ್ಯಾದೆಯಿಂದ ಹೇಳಿ ಇಡಿ. ವಾಟ್ಸಾಪಿನಲ್ಲಿ ನೋಟಿಸ್ ಕಳಿಸಿದರೆ ಅದೂ ಸಾಲದು. 2025ರ ಜನವರಿ 21ರಂದು ಸುಪ್ರೀಂ ಕೋರ್ಟ್, ಪೊಲೀಸ್ ನೋಟಿಸುಗಳನ್ನು ಕಾನೂನು ಹೇಳಿದ ರೀತಿಯಲ್ಲೇ ಕೊಡಬೇಕು ಅಂತ ಎಲ್ಲ ರಾಜ್ಯಗಳಿಗೂ ಹೇಳಿದೆ. ಅದರಲ್ಲಿ 179ರ ನೋಟಿಸೂ ಸೇರಿದೆ. ಆದರೆ ಎಚ್ಚರ, ಕೋರ್ಟಿನ ಸಮನ್ಸ್ ಬೇರೆ. ಹೊಸ ಕಾನೂನಿನಲ್ಲಿ ಸಮನ್ಸ್ ಮೊಬೈಲಿಗೂ ಬರಬಹುದು. ಅದರ ಮೇಲೆ ಕೋರ್ಟಿನ ಮೊಹರು ಅಥವಾ ಡಿಜಿಟಲ್ ಸಹಿ ಇರುತ್ತದೆ, ಕೇಸ್ ನಂಬರ್ ಇರುತ್ತದೆ. ಅದನ್ನು ಕಡೆಗಣಿಸಬೇಡಿ.

ಕೋರ್ಟ್ ವಿಷಯ. ಇಲ್ಲಿ ನನ್ನ ಉತ್ತರ ಚಿಕ್ಕದು. ಹೋಗಲೇಬೇಕು. ಕೋರ್ಟ್ ಸಾಕ್ಷಿಯನ್ನು ಬಲವಂತವಾಗಿ ಕರೆಸಬಹುದು. ಮೊದಲು ಸಮನ್ಸ್, ಬರದಿದ್ದರೆ ಜಾಮೀನು ವಾರಂಟ್, ಆಮೇಲೆ ಜಾಮೀನಿಲ್ಲದ ವಾರಂಟ್. ಸಮನ್ಸ್ ಮುಟ್ಟಿಯೂ ಕಾರಣ ಇಲ್ಲದೆ ತಪ್ಪಿಸಿದರೆ ಅಲ್ಲೇ 500 ರೂಪಾಯಿ ತನಕ ದಂಡ ಹಾಕಲು 389ನೇ ಕಲಮು ಇದೆ. ದಂಡ ಸಣ್ಣದು, ಆದರೆ ಜಾಮೀನಿಲ್ಲದ ವಾರಂಟ್ ಸಣ್ಣದಲ್ಲ, ಅದು ಬಂದರೆ ದಸ್ತಗಿರಿ ಮಾಡಿ ಕರೆದುಕೊಂಡು ಹೋಗುತ್ತಾರೆ. ಹಾಗಂತ ಈಗ ಹೆದರಬೇಕಾಗಿಲ್ಲ. ನಿಮಗೆ ಬಂದಿರುವುದು ಜಾಮೀನು ವಾರಂಟ್. ಅದಕ್ಕೆ ಏನು ಮಾಡಬೇಕು ಅಂತ ಕೋರ್ಟಿನಲ್ಲೇ ಕೆಲಸ ಮಾಡಿದವರು ಯಾರಾದರೂ ಇಲ್ಲಿದ್ದರೆ ನನಗಿಂತ ಚೆನ್ನಾಗಿ ಹೇಳುತ್ತಾರೆ.

ದೂರಿನ ಬಗ್ಗೆ ರಾತ್ರಿ ಬರೆಯುತ್ತೇನೆ. ಆ ಕ್ಯಾಲೆಂಡರ್ ಮಾತ್ರ ಜೋಪಾನ. ಹಾಳೆ ಹರಿಯಬೇಡಿ, ಈಗಲೇ ಫೋಟೋ ತೆಗೆದಿಡಿ.

ಒಬ್ಬ_ಓದುಗ

ಮೇಡಂ ಹೇಳಿದ್ದು ಪುಸ್ತಕದಲ್ಲಿ ಸರಿ. ಆದರೆ ಹೈವೇ ಪಕ್ಕ ಅಂಗಡಿ ಇಟ್ಟವರು ಅದೇ ಸ್ಟೇಷನ್ ಹತ್ತಿರ ಬದುಕಬೇಕು. ದೂರು ಕೊಟ್ಟ ಮಾರನೇ ದಿನ ಅಂಗಡಿ ಮುಂದೆ ಲಾರಿ ನಿಲ್ಲಿಸಿದ್ದಕ್ಕೆ ಕೇಸು ಹಾಕುತ್ತಾರೆ. ನಮ್ಮ ದೊಡ್ಡಪ್ಪ ಒಂದು ಹೊಡೆದಾಟದ ಕೇಸಲ್ಲಿ ಸಾಕ್ಷಿ ಆಗಿದ್ದರು. ನಾಲ್ಕು ವರ್ಷ ಓಡಾಡಿ ಕೊನೆಗೆ "ಪೊಲೀಸರು ಹೇಳಿದ ಕಡೆ ಸಹಿ ಹಾಕಿದೆ, ನನಗೇನೂ ಗೊತ್ತಿಲ್ಲ" ಅಂದು ಬಂದರು. ಅವತ್ತಿನಿಂದ ನೆಮ್ಮದಿ. ನಿಮ್ಮ ಭಾವ ಹೇಳುತ್ತಿರುವುದರಲ್ಲಿ ತಪ್ಪೇನಿಲ್ಲ ಅನ್ನಿಸುತ್ತದೆ. ಬಡವರಿಗೆ ಯಾಕೆ ಬೇಕು ಇದೆಲ್ಲ?

ಮಲ್ನಾಡ್_ಟೀಚರ್

ಮೇಲಿನವರ ನೋವು ಅರ್ಥ ಆಗುತ್ತದೆ. ಆದರೂ ಒಪ್ಪಲು ಆಗುತ್ತಿಲ್ಲ, ಯಾಕೆ ಅಂತ ಹೇಳುತ್ತೇನೆ.

ಎಂಟು ವರ್ಷದ ಹಿಂದೆ ನಮ್ಮ ಶಾಲೆ ಹತ್ತಿರದ ತಿರುವಿನಲ್ಲಿ ಒಂದು ಟಿಪ್ಪರ್ ಸ್ಕೂಟರಿಗೆ ಗುದ್ದಿ, ಹಿಂದೆ ಕೂತಿದ್ದ ಹೆಣ್ಣುಮಗಳು ಹೋದಳು. ನಾನು ನೋಡಿದ್ದೆ. ಕೋರ್ಟಿಗೆ ಆರು ಸಲ ಹೋದೆ. ಮೊದಲ ಸಲ ಜಡ್ಜ್ ರಜೆ. ಎರಡನೇ ಸಲ ಆ ಕಡೆ ವಕೀಲರು ಬಂದಿಲ್ಲ. ಇನ್ನೊಂದು ಸಲ ವಕೀಲರ ಕಲಾಪ ಬಹಿಷ್ಕಾರ. ಪ್ರತಿ ಸಲವೂ ಹೆಡ್ ಮಾಸ್ಟರ್ ಹತ್ತಿರ ರಜೆ ಕೇಳಬೇಕು, ಎರಡು ಬಸ್ ಬದಲಿಸಬೇಕು. ಕಾರಿಡಾರಿನಲ್ಲಿ ಕೂರಲು ಜಾಗ ಇಲ್ಲ, ಕಿಟಕಿ ಕಟ್ಟೆಗೆ ಒರಗಿ ನಿಂತು ಕಾಲು ಊದಿಕೊಳ್ಳುತ್ತಿತ್ತು. ಆರೋಪಿಯ ಕಡೆಯವರು ಅದೇ ಕಾರಿಡಾರಿನಲ್ಲಿ ಎದುರಿಗೇ ನಿಂತು ಕಣ್ಣು ಕಿಸಿದು ನೋಡುತ್ತಿದ್ದರು.

ಸಾಕ್ಷಿಗಳ ಈ ಪಾಡನ್ನು 2000ದಲ್ಲೇ ಸುಪ್ರೀಂ ಕೋರ್ಟ್ ಸ್ವರಣ್ ಸಿಂಗ್ ಕೇಸಿನಲ್ಲಿ ಬರೆದಿದೆ ಅಂತ ಆಮೇಲೆ ಓದಿದೆ. ಸ್ವಂತ ಖರ್ಚಿನಲ್ಲಿ ಬರುತ್ತಾರೆ, ಮತ್ತೆ ಮತ್ತೆ ಮುಂದಕ್ಕೆ ಹಾಕುತ್ತಾರೆ, ಅವರಿಗೆ ಮರ್ಯಾದೆ ಇಲ್ಲ ಅಂತ. ಓದಿ ಅಳು ಬಂತು, ಯಾರೋ ನನ್ನನ್ನೇ ನೋಡಿ ಬರೆದ ಹಾಗಿತ್ತು.

ಐದನೇ ಸಲ ನಾನೂ ಹೋಗುವುದು ಬೇಡ ಅಂದುಕೊಂಡಿದ್ದೆ. ಹಿಂದಿನ ದಿನ ಸಂಜೆ ತೀರಿಹೋದವಳ ತಾಯಿ ಮನೆಗೆ ಬಂದರು. ಏನೂ ಕೇಳಲಿಲ್ಲ. ಅಡಿಕೆ ಪಟ್ಟೆಯಲ್ಲಿ ಸುತ್ತಿದ ಮಲ್ಲಿಗೆ ಕೊಟ್ಟು "ನಾಳೆ ಬರ್ತೀರಲ್ವಾ ಟೀಚರೇ" ಅಂದರು. ಅವರಿಗೆ ಇದ್ದದ್ದು ನನ್ನೊಬ್ಬಳ ಕಣ್ಣು. ಆರನೇ ಸಲ ಸಾಕ್ಷಿ ಹೇಳಿದೆ.

ಆ ಕ್ಲೀನರ್ ಹುಡುಗನಿಗೂ ನಿಮ್ಮ ಅಪ್ಪನೇ ಕಣ್ಣು. ಬಡವರಿಗೆ ಯಾಕೆ ಬೇಕು ಅಂತ ಕೇಳಿದಿರಲ್ಲ ಸರ್, ಹೊಡೆಸಿಕೊಂಡವನೂ ಬಡವನೇ.

ನಿವೃತ್ತ_ಬೆಂಚ್_ಕ್ಲರ್ಕ್

ತಮ್ಮಾ, ಮೂವತ್ತೆರಡು ವರ್ಷ ಕೋರ್ಟಿನ ಕಡತ ನೋಡಿದವನು ನಾನು. ವಾರಂಟ್ ಬಗ್ಗೆ ಕೇಳು.

ನಿಮಗೆ ಸಮನ್ಸ್ ಬಂದಿಲ್ಲ ಅಂದೆಯಲ್ಲ, ಆದರೆ ಕೋರ್ಟಿನ ಕಡತದಲ್ಲಿ ಸಮನ್ಸ್ ಹೋಗಿ ವಾಪಸ್ ಬಂದಿರುತ್ತದೆ. ಸಮನ್ಸಿನ ಹಿಂಬದಿಯಲ್ಲಿ ಪೀಸಿ ಷರಾ ಬರೆಯುತ್ತಾರೆ. "ಮನೆಗೆ ಬೀಗ, ಆಸಾಮಿ ಊರಲ್ಲಿಲ್ಲ" ಅಂತ ಒಂದು ಸಾಲು. ಕೆಲವು ಸಲ ನಿಜ ಇರುತ್ತದೆ, ಕೆಲವು ಸಲ ಸ್ಟೇಷನ್‌ನಲ್ಲೇ ಕೂತು ಬರೆದದ್ದು. ಮ್ಯಾಜಿಸ್ಟ್ರೇಟರಿಗೆ ಕಾಣುವುದು ಆ ಒಂದು ಸಾಲು ಮಾತ್ರ. ಅದರ ಮೇಲೆ ವಾರಂಟ್ ಆಗುತ್ತದೆ. ಐನೂರು ಕೊಟ್ಟು "ಸಿಗಲಿಲ್ಲ" ಅಂತ ಬರೆಸಿದ್ದರೆ ಏನಾಗುತ್ತಿತ್ತು ಗೊತ್ತಾ? ಮುಂದಿನ ತಾರೀಖಿಗೆ ಜಾಮೀನಿಲ್ಲದ ವಾರಂಟ್ ಹೊರಡುತ್ತಿತ್ತು. ನಿನ್ನ ಅಪ್ಪ ದುಡ್ಡು ಕೊಡದೆ ಇದ್ದದ್ದು ನೂರಕ್ಕೆ ನೂರು ಸರಿ.

ಜಾಮೀನು ವಾರಂಟ್ ಅಂದರೆ ಆ ದಿನ ಕೋರ್ಟಿಗೆ ಬರುತ್ತೇನೆ ಅಂತ ಮುಚ್ಚಳಿಕೆ ಬರೆದುಕೊಟ್ಟು, ವಾರಂಟಿನ ಮೇಲೆ ಬರೆದಿರುವ ಹಾಗೆ ಜಾಮೀನು ಕೊಟ್ಟರೆ ಅಲ್ಲೇ ಬಿಡಬೇಕು. ರಾತ್ರಿ ಸ್ಟೇಷನ್‌ನಲ್ಲಿ ಇಟ್ಟುಕೊಳ್ಳುವ ಹಾಗಿಲ್ಲ. ಇನ್ನೂ ಒಳ್ಳೆಯ ದಾರಿ ಅಂದರೆ ತಾರೀಖಿನ ತನಕ ಕಾಯದೆ ನಾಳೆ ನಾಡಿದ್ದರಲ್ಲೇ ಅಪ್ಪನನ್ನು ಕರೆದುಕೊಂಡು ಕೋರ್ಟಿಗೇ ಹೋಗು. ಸರ್ಕಾರಿ ಅಭಿಯೋಜಕರನ್ನು, ಅದೇ ಎಪಿಪಿ ಅನ್ನುತ್ತಾರಲ್ಲ, ಅವರನ್ನು ಕಂಡು "ಸಮನ್ಸ್ ಮುಟ್ಟಿಲ್ಲ, ಸಾಕ್ಷಿ ಹೇಳಲು ತಯಾರಿದ್ದೇವೆ, ವಾರಂಟ್ ರೀಕಾಲ್ ಮಾಡಿಸಿ", ಅಂದರೆ ವಾಪಸ್ ಪಡೆಯುವ ಹಾಗೆ ಮಾಡಿಸಿ, ಅಂತ ಹೇಳಿ. ಒಂದು ಅರ್ಜಿ ಬರೆದು ಕೊಡಿ. ಅದರಲ್ಲಿ ಅಪ್ಪನ ಮೊಬೈಲ್ ನಂಬರ್, ಪೂರ್ತಿ ವಿಳಾಸ, ಅಂಗಡಿ ಎಲ್ಲಿದೆ ಅಂತ ಬರೆಯಿರಿ. ಮುಂದಿನ ಸಮನ್ಸ್ ನೇರ ನಿಮಗೇ ಬರಲಿ. ಹೊಸ ಕಾನೂನಿನಲ್ಲಿ ಸಮನ್ಸ್ ಪಡೆಯಬೇಕಾದವರು ಎಷ್ಟು ಹುಡುಕಿದರೂ ಸಿಗದಿದ್ದರೆ ಮನೆಯಲ್ಲಿರುವ ದೊಡ್ಡವರು ಯಾರ ಕೈಗಾದರೂ ಕೊಡಬಹುದು, ನಿನ್ನ ಅಮ್ಮನಿಗೂ. ಮುಂಚೆ ಗಂಡಸರ ಕೈಗೇ ಕೊಡಬೇಕು ಅಂತ ಇತ್ತು.

ಫೋನಿನಲ್ಲಿ ಇ-ಕೋರ್ಟ್ಸ್ ಆ್ಯಪ್ ಹಾಕಿಕೋ. ಕೇಸ್ ನಂಬರ್ ಅಥವಾ ಸಿಎನ್‌ಆರ್ ನಂಬರ್ (ಪ್ರತಿ ಕೇಸಿಗೂ ಇರುವ ಗುರುತಿನ ಸಂಖ್ಯೆ) ಹಾಕಿದರೆ ಮುಂದಿನ ತಾರೀಖು ಕಾಣುತ್ತದೆ. ಪೊಲೀಸರನ್ನು ಕೇಳಿ ತಿಳಿಯಬೇಕಾದ್ದೇ ಇಲ್ಲ.

ತಾರೀಖಿನ ದಿನ ಹತ್ತೂವರೆಗೇ ಹಾಲ್ ಬಾಗಿಲಲ್ಲಿ ಇರಿ. ಬೆಂಚ್ ಕ್ಲರ್ಕ್ ಹತ್ತಿರ ಹೋಗಿ "ಸಿಡಬ್ಲ್ಯೂ ಇಂಥ ನಂಬರ್ ಬಂದಿದ್ದೇನೆ" ಅಂತ ಹೆಸರು ಕೊಡಿ. ಸಿಡಬ್ಲ್ಯೂ ಅಂದರೆ ಚಾರ್ಜ್‌ಶೀಟಿನಲ್ಲಿ ಹೆಸರಿರುವ ಸಾಕ್ಷಿ. ಅಟೆಂಡರ್ ಮೂರು ಸಲ ಕೂಗುತ್ತಾರೆ, ಅಷ್ಟೇ. ಪಾಪ, ವಯಸ್ಸಾದವರು ಕ್ಯಾಂಟೀನ್ ಹತ್ತಿರ ಟೀ ಕುಡಿಯುತ್ತಾ ನಿಂತು ಕೂಗಿದ್ದು ಕೇಳಿಸದೆ, ಗೈರು ಅಂತ ಬರೆಸಿಕೊಂಡದ್ದನ್ನು ನಾನು ಎಷ್ಟೋ ಸಲ ನೋಡಿದ್ದೇನೆ. ಹೊರಗೆ ಹೋಗುವುದಿದ್ದರೆ ನೀನು ಬಾಗಿಲಲ್ಲಿ ನಿಲ್ಲು.

ಆ ಕಡೆ ವಕೀಲರು ಮುಂದಕ್ಕೆ ಹಾಕಿ ಅಂತ ಕೇಳಿದರೆ ಅಪ್ಪ ಕೈ ಮುಗಿದು ನೇರ ಜಡ್ಜ್‌ಗೇ ಹೇಳಲಿ, "ಸ್ವಾಮಿ, ಬಂದಿದ್ದೇನೆ, ವಯಸ್ಸಾಗಿದೆ, ಇವತ್ತೇ ತೆಗೆದುಕೊಳ್ಳಿ" ಅಂತ. ತಪ್ಪಿಲ್ಲ. ಸಾಕ್ಷಿ ಎದುರಿಗಿದ್ದಾಗ ವಿಶೇಷ ಕಾರಣ ಬರೆಯದೆ ಮುಂದಕ್ಕೆ ಹಾಕುವ ಹಾಗಿಲ್ಲ ಅಂತ 346ನೇ ಕಲಮು ಹೇಳುತ್ತದೆ. ವಕೀಲರಿಗೆ ಬೇರೆ ಕೋರ್ಟಿನಲ್ಲಿ ಕೆಲಸ ಇದೆ ಅನ್ನುವುದು ಕಾರಣ ಆಗುವುದಿಲ್ಲ.

ಇನ್ನೊಂದು, ಸಾಕ್ಷಿ ಬತ್ತೆ, ಅಂದರೆ ಬಂದುಹೋಗುವ ಖರ್ಚು. ಸರ್ಕಾರದ ಲೆಕ್ಕದಲ್ಲಿ ಕೋರ್ಟ್ ಕೊಡಿಸಬಹುದು. ಆದರೆ ಬಾಯಿಬಿಟ್ಟು ಕೇಳಬೇಕು. ಬಸ್ ಟಿಕೆಟ್ ಇಟ್ಟುಕೊಳ್ಳಿ.

ತಾಲ್ಲೂಕು_ವಕೀಲೆ

ಕ್ಲರ್ಕ್ ಸರ್, ತುಂಬಾ ಧನ್ಯವಾದ. ಒಂದು ಸೇರಿಸುತ್ತೇನೆ. ತಾರೀಖಿನ ದಿನ ಪೀಸಿ ಬಂದು "ನಮ್ಮ ಜೀಪಲ್ಲೇ ಬಾ" ಅಂದರೆ ಒಪ್ಪಬೇಕಾಗಿಲ್ಲ. ಕೋರ್ಟಿಗೆ ಹೋಗುವ ಸಾಕ್ಷಿಯನ್ನು ಪೊಲೀಸರ ಜೊತೆಗೇ ಬಾ ಅನ್ನುವ ಹಾಗಿಲ್ಲ ಅಂತ ಸುರಕ್ಷಾ ಸಂಹಿತೆಯ 191ರಲ್ಲಿದೆ. ನೀವೇ ಬಸ್ಸಿನಲ್ಲಿ ಕರೆದುಕೊಂಡು ಹೋಗಿ.

ಈಗ ದೂರು. ಮೊದಲು ಜಿಲ್ಲೆಯ ಎಸ್‌ಪಿಗೆ ಬರೆಯಿರಿ. ಎರಡು ಪುಟ ಸಾಕು. "ಕಿರುಕುಳ ಕೊಟ್ಟರು, ದೌರ್ಜನ್ಯ ಮಾಡಿದರು" ಅಂತ ಬರೆದರೆ ಓದುವವರಿಗೆ ಏನೂ ತಿಳಿಯುವುದಿಲ್ಲ. ಯಾವ ತಾರೀಖು, ಎಷ್ಟು ಗಂಟೆಗೆ ಯಾವ ನಂಬರಿನಿಂದ ಫೋನ್ ಬಂತು, ಎಷ್ಟು ಗಂಟೆ ಕೂರಿಸಿದರು, ಯಾರು ಏನು ಅಂದರು, ಅದೇ ಮಾತಿನಲ್ಲಿ. ಕ್ಯಾಲೆಂಡರಿನ ಹನ್ನೊಂದು ದಿನವೂ ಒಂದೊಂದು ಸಾಲು ಆಗಬೇಕು. ಮೊಬೈಲಿನ ಕಾಲ್ ಪಟ್ಟಿಯ ಸ್ಕ್ರೀನ್‌ಶಾಟ್ ಲಗತ್ತಿಸಿ. ಅಪ್ಪನ ಆಧಾರ್ ಪ್ರತಿ ಹಾಕಿ, ವಯಸ್ಸು ಕಾಣಲಿ. ಡಾಕ್ಟರ ಚೀಟಿಯೂ ಇರಲಿ. ಸ್ಪೀಡ್ ಪೋಸ್ಟ್ ಮಾಡಿ, ರಸೀದಿ ಇಡಿ.

ದೂರಿನಲ್ಲೇ ಇನ್ನೊಂದು ಸಾಲು ಬರೆಯಿರಿ: ಈ ದಿನಗಳ ಸ್ಟೇಷನ್ ಸಿಸಿಟಿವಿ ಅಳಿಸದೆ ಉಳಿಸಿ. 2020ರ ಡಿಸೆಂಬರಿನಲ್ಲಿ ಪರಮವೀರ್ ಸಿಂಗ್ ಸೈನಿ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಎಲ್ಲ ಸ್ಟೇಷನ್‌ಗೂ ಕ್ಯಾಮೆರಾ ಇರಬೇಕು, ದೃಶ್ಯ 18 ತಿಂಗಳು ಇರಬೇಕು, ಆಗದಿದ್ದರೂ 1 ವರ್ಷಕ್ಕೆ ಕಡಿಮೆ ಆಗಬಾರದು ಅಂತ ಹೇಳಿದೆ. ಆ ಸಿಮೆಂಟ್ ಬೆಂಚು ಬಾಗಿಲ ಹತ್ತಿರ ಇದ್ದರೆ ಅಪ್ಪ ಅದರಲ್ಲಿ ಇರುತ್ತಾರೆ. ಜೊತೆಗೆ 10 ರೂಪಾಯಿ ಪೋಸ್ಟಲ್ ಆರ್ಡರ್ ಇಟ್ಟು ಮಾಹಿತಿ ಹಕ್ಕಿನಲ್ಲಿ ಕೇಳಿ. ನಿಮ್ಮ ತಂದೆಗೆ 179ರ ನೋಟಿಸ್ ಯಾವತ್ತು ಕೊಟ್ಟರು, ಪ್ರತಿ ಕೊಡಿ ಅಂತ. ಕೊಟ್ಟೇ ಇಲ್ಲವಾದ್ದರಿಂದ ಅವರ ಉತ್ತರವೇ ನಿಮಗೆ ಪುರಾವೆ. 30 ದಿನದಲ್ಲಿ ಉತ್ತರ ಕೊಡಬೇಕು.

ಎಸ್‌ಪಿ ಕಡೆಯಿಂದ ಏನೂ ಆಗದಿದ್ದರೆ ಪೊಲೀಸ್ ದೂರು ಪ್ರಾಧಿಕಾರ ಇದೆ. ಸುಪ್ರೀಂ ಕೋರ್ಟಿನ 2006ರ ಪ್ರಕಾಶ್ ಸಿಂಗ್ ತೀರ್ಪಿನಿಂದ ಹುಟ್ಟಿದ್ದು, ನಮ್ಮಲ್ಲಿ 2012ರಲ್ಲಿ ಕರ್ನಾಟಕ ಪೊಲೀಸ್ ಕಾಯ್ದೆಗೆ ತಿದ್ದುಪಡಿ ಮಾಡಿ ತಂದರು. ರಾಜ್ಯಕ್ಕೊಂದು, ಜಿಲ್ಲೆಗೊಂದು. ಕೆಳಗಿನ ಹಂತದ ಸಿಬ್ಬಂದಿ ಮೇಲಿನ ದೂರು ಜಿಲ್ಲೆಯದ್ದಕ್ಕೆ. ಬೆಂಗಳೂರಿನಲ್ಲಿ ರಾಜ್ಯ ಮಾನವ ಹಕ್ಕುಗಳ ಆಯೋಗ ಇದೆ, ಅದಕ್ಕೆ ಶುಲ್ಕ ಇಲ್ಲ, ವಕೀಲರೂ ಬೇಡ, ಆದರೆ ಘಟನೆ ನಡೆದು 1 ವರ್ಷದ ಒಳಗೆ ಬರೆಯಬೇಕು. ಐನೂರು ಕೇಳಿದ್ದು ಬೇರೆಯದೇ ವಿಷಯ, ಅದು ಲೋಕಾಯುಕ್ತಕ್ಕೆ ಹೋಗುತ್ತದೆ. 2022ರಲ್ಲಿ ಹೈಕೋರ್ಟ್ ಎಸಿಬಿ (ಭ್ರಷ್ಟಾಚಾರ ನಿಗ್ರಹ ದಳ) ರದ್ದು ಮಾಡಿದ ಮೇಲೆ ಲಂಚದ ದೂರು ಅಲ್ಲಿಗೇ. ವಕೀಲರಿಗೆ ಕೊಡಲು ಕಷ್ಟ ಅಂದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ, ಅಥವಾ 15100ಕ್ಕೆ ಫೋನ್ ಮಾಡಿ.

ದೂರು ಕೊಟ್ಟರೆ ಹುಡುಗನ ಕೇಸು ಹಾಳಾಗುತ್ತದಾ ಅಂತ ಕೇಳಿದಿರಿ. ಇಲ್ಲ. ಅಪ್ಪ ಕೋರ್ಟಿನಲ್ಲಿ ಹೇಳುವುದು ಆ ರಾತ್ರಿ ಏನು ನಡೆಯಿತು ಅನ್ನುವುದನ್ನು. ಸ್ಟೇಷನ್‌ನಲ್ಲಿ ಆಮೇಲೆ ಏನು ನಡೆಯಿತು ಅನ್ನುವುದು ಬೇರೆ. ಆ ಕಡೆ ವಕೀಲರು "ಪೊಲೀಸರು ಹೇಳಿಕೊಟ್ಟ ಸಾಕ್ಷಿ" ಅಂತ ಖಂಡಿತ ಕೆದಕುತ್ತಾರೆ. ಪೊಲೀಸರ ಮೇಲೇ ದೂರು ಕೊಟ್ಟ ಮನುಷ್ಯನನ್ನು ಹಾಗೆ ಅನ್ನುವುದು ಕಷ್ಟ ಅಲ್ವಾ?

ಓದುಗರಿಗೆ ಒಂದು ಮಾತು. ನಿಮ್ಮ ದೊಡ್ಡಪ್ಪನಿಗೆ ನೆಮ್ಮದಿ ಸಿಕ್ಕಿದ್ದು ನಿಜ ಇರಬಹುದು. ಆದರೆ ಪ್ರಮಾಣ ಮಾಡಿ ಸುಳ್ಳು ಹೇಳಿದರು ಅಂತ ಕೋರ್ಟಿಗೆ ಅನ್ನಿಸಿದರೆ ಸಾಕ್ಷಿಯ ಮೇಲೇ ಕ್ರಮ ಆಗಬಹುದು. ಇನ್ನೊಬ್ಬರಿಗೆ ಆ ದಾರಿ ತೋರಿಸಬೇಡಿ.

ಪಂಕ್ಚರ್_ಅಂಗಡಿ_ಮಗ

ಎಲ್ಲರಿಗೂ ಕೈ ಮುಗಿದೆ. ಟೀಚರ್ ಬರೆದದ್ದನ್ನು ಅಪ್ಪನಿಗೆ ಓದಿ ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು "ಹೋಗೋಣ" ಅಂದರು.

ಇನ್ನೊಂದು ಕೇಳುವುದಿದೆ. ನಿನ್ನೆ ಸಂಜೆ ಇಬ್ಬರು ಬೈಕಿನಲ್ಲಿ ಬಂದು ಗಾಳಿ ಹಾಕಿಸಿಕೊಂಡು, "ಯಜಮಾನ್ರೇ, ವಯಸ್ಸಾಯ್ತು, ಕೋರ್ಟು ಗೀರ್ಟು ಯಾಕೆ, ಅಂಗಡಿ ಹುಷಾರು" ಅಂತ ಹೇಳಿ ಹೋದರು. ಯಾರ ಕಡೆಯವರು ಅಂತ ಗೊತ್ತು. ಇದಕ್ಕೆ ಸ್ಟೇಷನ್‌ಗೇ ಹೋಗಬೇಕಾ?

ತಾಲ್ಲೂಕು_ವಕೀಲೆ

ಇದನ್ನು ಹಗುರವಾಗಿ ತೆಗೆದುಕೊಳ್ಳಬೇಡಿ. ಸುಳ್ಳು ಸಾಕ್ಷಿ ಹೇಳು ಅಂತ ಬೆದರಿಸುವುದು ನ್ಯಾಯ ಸಂಹಿತೆಯ 232ರಲ್ಲಿ ಅಪರಾಧ, 7 ವರ್ಷದ ತನಕ ಶಿಕ್ಷೆ ಇದೆ. ಬೈಕ್ ನಂಬರ್, ಹೊತ್ತು, ಹೇಳಿದ ಮಾತು ಈಗಲೇ ಬರೆದಿಡಿ. ಆ ಹೊತ್ತಿಗೆ ಎದುರಿನ ಹೋಟೆಲಿನ ಕ್ಯಾಮೆರಾ ಇದ್ದರೆ ದೃಶ್ಯ ಕೇಳಿ ಪಡೆಯಿರಿ. ಸ್ಟೇಷನ್‌ಗೆ ಕೊಡಲು ಹೆದರಿಕೆ ಇದ್ದರೆ ಎಸ್‌ಪಿಗೆ ಬರೆಯುವ ದೂರಿನಲ್ಲೇ ಸೇರಿಸಿ. ಎಪಿಪಿಗೂ ಹೇಳಿ, ಅವರು ಮ್ಯಾಜಿಸ್ಟ್ರೇಟರ ಗಮನಕ್ಕೆ ತರುತ್ತಾರೆ. ತಕ್ಷಣ ಏನಾದರೂ ಆದರೆ 112.

ಸಾಕ್ಷಿ ರಕ್ಷಣೆ ಯೋಜನೆ 2018 ಅಂತ ಒಂದಿದೆ. ಮಹೇಂದರ್ ಚಾವ್ಲಾ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಇಡೀ ದೇಶಕ್ಕೆ ಅನ್ವಯ ಮಾಡಿತು. ಜಿಲ್ಲಾ ನ್ಯಾಯಾಧೀಶರು ಇರುವ ಸಮಿತಿಗೆ ಅರ್ಜಿ ಕೊಡಬೇಕು. ಬೆದರಿಕೆ ಎಷ್ಟು ಗಂಭೀರ ಅಂತ ಪೊಲೀಸರಿಂದ ವರದಿ ತರಿಸಿ, ಮನೆ ಹತ್ತಿರ ಗಸ್ತು, ಕ್ಯಾಮೆರಾ, ಕೋರ್ಟಿಗೆ ಹೋಗಿಬರಲು ರಕ್ಷಣೆ, ಇಂಥದ್ದನ್ನು ಆದೇಶ ಮಾಡುತ್ತಾರೆ. ಮಾರಕ ಆಯುಧದಿಂದ ತೀವ್ರ ಗಾಯ ಮಾಡಿದ ಕೇಸು ನಿಮ್ಮದು, ಯೋಜನೆಯ ಒಳಗೆ ಬರುತ್ತದೆ. ಅಲ್ಲಿ ಪೊಲೀಸ್ ವರದಿ ಬೇಕಲ್ಲ ಅಂತ ನೀವು ಕೇಳುತ್ತೀರಿ. ಅದಕ್ಕೇ ಎಸ್‌ಪಿ ಮಟ್ಟದಲ್ಲಿ ಮೊದಲು ದಾಖಲೆ ಆಗಲಿ ಅನ್ನುವುದು.

ಪಂಕ್ಚರ್_ಅಂಗಡಿ_ಮಗ

ಮೂರು ವಾರದ ಮೇಲೆ ಬರೆಯುತ್ತಿದ್ದೇನೆ. ನಿಮಗೆಲ್ಲ ಹೇಳದೆ ಇರಲು ಆಗಲಿಲ್ಲ.

ಕ್ಲರ್ಕ್ ಸರ್ ಹೇಳಿದ ಹಾಗೆ ತಾರೀಖಿಗೆ ಮುಂಚೆಯೇ ಕೋರ್ಟಿಗೆ ಹೋದೆವು. ಎಪಿಪಿ ಮೇಡಂ ಕಡತ ತೆಗೆಸಿ ನೋಡಿದರು. ಸಮನ್ಸಿನ ಹಿಂದೆ "ಬೀಗ ಹಾಕಿದೆ, ವಲಸೆ ಹೋಗಿದ್ದಾರೆ" ಅಂತ ಬರೆದಿತ್ತು. ಮೂವತ್ತು ವರ್ಷದಿಂದ ಒಂದೇ ಜಾಗದಲ್ಲಿ ಕೂತಿರುವ ಅಪ್ಪ ವಲಸೆ ಹೋಗಿದ್ದಾರಂತೆ. ಅದನ್ನು ಓದಿದಾಗ ಅಪ್ಪನ ಮುಖ ನೋಡಲು ಆಗಲಿಲ್ಲ. ಅರ್ಜಿ ಕೊಟ್ಟೆವು, ಅವತ್ತೇ ವಾರಂಟ್ ರೀಕಾಲ್ ಆಯಿತು.

ತಾರೀಖಿನ ದಿನ ನಾವೇ ಬಸ್ಸಿನಲ್ಲಿ ಹೋದೆವು. ಅಮ್ಮ ಬುತ್ತಿ ಕಟ್ಟಿದ್ದರು. ಮಧ್ಯಾಹ್ನ ಹನ್ನೆರಡೂವರೆಗೆ ಕೂಗಿದರು. ಬಿಳಿ ಬಟ್ಟೆ ಸುತ್ತಿ ಅರಗಿನ ಮೊಹರು ಹಾಕಿದ್ದ ರಾಡನ್ನು ಬಿಚ್ಚಿ ಅಪ್ಪನ ಮುಂದೆ ಇಟ್ಟರು. ಇದು ಅದೇ ರಾಡು ಅಂತ ಹೇಗೆ ಹೇಳುತ್ತೀರಿ ಅಂತ ಆ ಕಡೆ ವಕೀಲರು ಕೇಳಿದರು. ಅಪ್ಪ ಅದರ ತುದಿ ತೋರಿಸಿ, ಇಲ್ಲಿ ಬಿರುಕು ಬಿಟ್ಟಿತ್ತು, ನಾನೇ ವೆಲ್ಡಿಂಗ್ ಮಾಡಿಸಿದ್ದೆ, ಗಂಟು ಕಟ್ಟಿದ ಹಾಗಿದೆ ನೋಡಿ ಅಂದರು. ಜಡ್ಜ್ ಅದನ್ನು ಕೈಗೆ ತರಿಸಿಕೊಂಡು ನೋಡಿದರು. ಮುಕ್ಕಾಲು ಗಂಟೆ ಪಾಟಿ ಸವಾಲು ನಡೆಯಿತು. ಪೊಲೀಸರು ಹೇಳಿಕೊಟ್ಟರಾ ಅಂತ ಕೇಳಿಯೇ ಕೇಳಿದರು, ಮೇಡಂ ಹೇಳಿದ್ದು ನಿಜ. ಅಪ್ಪ "ಅವರು ಹೇಳಿಕೊಡಲಿಲ್ಲ ಸ್ವಾಮಿ, ಬೆಂಚಿನ ಮೇಲೆ ಕೂರಿಸಿದರು, ಅದಕ್ಕೆ ಎಸ್‌ಪಿ ಸಾಹೇಬರಿಗೆ ಬರೆದಿದ್ದೇನೆ" ಅಂದರು. ಆ ಹುಡುಗನೂ ಬಂದಿದ್ದ. ಎಡಗೈ ಭುಜದಿಂದ ಮೇಲೆ ಏಳುವುದಿಲ್ಲ. ಹೊರಗೆ ಬಂದಾಗ ಬಲಗೈಯಲ್ಲಿ ಅಪ್ಪನ ಕಾಲು ಮುಟ್ಟಿದ.

ಎಸ್‌ಪಿ ಕಚೇರಿಯಿಂದ ಡಿವೈಎಸ್‌ಪಿಯವರಿಗೆ ದೂರು ಹೋಗಿದೆ. ಅವರ ಕಡೆಯವರು ಮನೆಗೇ ಬಂದು ಅಪ್ಪನ ಹೇಳಿಕೆ ತೆಗೆದುಕೊಂಡರು, ಕ್ಯಾಲೆಂಡರಿನ ಫೋಟೋ ತೆಗೆದುಕೊಂಡರು. ಅವತ್ತಿನಿಂದ ಬೆಳಿಗ್ಗೆ ಏಳರ ಫೋನ್ ಬಂದಿಲ್ಲ. ಬೈಕಿನವರೂ ಬಂದಿಲ್ಲ, ಆದರೂ ಅಂಗಡಿಗೆ ಒಂದು ಕ್ಯಾಮೆರಾ ಹಾಕಿಸಿದ್ದೇವೆ. ಬತ್ತೆಗೆ ಅರ್ಜಿ ಕೊಟ್ಟಿದ್ದೇವೆ. ಮಾಹಿತಿ ಹಕ್ಕಿನ ಉತ್ತರ ಇನ್ನೂ ಬಂದಿಲ್ಲ, 30 ದಿನ ಆಗಲು ಇನ್ನು ಒಂಬತ್ತು ದಿನ ಇದೆ. ಬಂದ ಕೂಡಲೇ ಇಲ್ಲೇ ಹಾಕುತ್ತೇನೆ.